ಈಬತ್ತಿ ಹಚ್ಚಿದ ಬೆಲ್ಟು

ಇವತ್ತು ಬೆಳಿಗ್ಗೆ ಉಪ್ಪಿನಕಾಯಿ ಬಾಟಲಿಯ ಮುಚ್ಚಳ ಏನು ಮಾಡಿದರೂ ಬಿಚ್ಚಲಿಲ್ಲ. ಇಂಥದ್ದಕ್ಕೆ ನಮ್ಮ ಮನೆಯಲ್ಲಿ ಒಂದು ಆಯುಧವಿದೆ. ಅಡುಗೆಮನೆಯ ಬಾಗಿಲ ಹಿಂದಿನ ಮೊಳೆಗೆ ತೂಗುಹಾಕಿದ ಕಾರಿನ ಹಳೆಯ ಬೆಲ್ಟು. ಅದರ ಒಳಮೈ ತುಂಬ ಹಲ್ಲು. ಮುಚ್ಚಳಕ್ಕೆ ಸುತ್ತಿ ಒಮ್ಮೆ ತಿರುವಿದರೆ ಎಂಥ ಮೊಂಡ ಬಾಟಲಿಯೂ ಬಾಯಿ ಬಿಡುತ್ತದೆ. ತಿರುವಿದೆ, ಬಿಚ್ಚಿತು. ಅಂಗೈ ಮೂಸಿದರೆ ರಬ್ಬರಿನ ವಾಸನೆ, ಅದರ ಬೆನ್ನಿಗೇ ತುಸು ಡೀಸೆಲ್ಲಿನ ವಾಸನೆ. ಅಷ್ಟರಲ್ಲಿ ರಾಮದುರ್ಗದಿಂದ ನನ್ನ ನೆಗೆಣ್ಣಿ ಸುವರ್ಣಾಳ ಫೋನು ಬಂತು.

"ಅಕ್ಕಾ, ನಾಳಿ ಮುಂಜಾನೆ ಬಸ್ಸಿಗೆ ಬರಾಕತ್ತೇನ್ರಿ. ಹಳೇ ಗಾಡಿ ಕೀಲಿ ತಗದಿಡ್ರಿ. ಅತ್ತ್ಯಾರನ ಸವದತ್ತಿಗೆ ನಾನ ಕರಕೊಂಡ ಹೋಗತೇನಿ."

"ಬಾರವಾ, ಕೀಲಿ ಎಲ್ಲಿ ಓಡಿ ಹೋಗತೈತಿ" ಎಂದೆ. ಬಾಯಿ ಹಾಗೆ ಅಂದಿತು. ಹೊಟ್ಟೆಯೊಳಗೆ ಮಾತ್ರ ಯಾರೋ ಒಣಮೆಣಸಿನಕಾಯಿ ಹುರಿಯುತ್ತಿದ್ದರು.

ನಿಮ್ಮಲ್ಲಿ ಯಾರಿಗಾದರೂ ನೆಗೆಣ್ಣಿ ಇದ್ದರೆ ಮುಂದಿನದನ್ನು ಬಿಡಿಸಿ ಹೇಳಬೇಕಾಗಿಲ್ಲ. ಇಲ್ಲದವರಿಗಾಗಿ ಹೇಳುತ್ತೇನೆ. ಸುವರ್ಣಾ ನನ್ನ ಮೈದುನನ ಹೆಂಡತಿ, ದೊಡವಾಡದ ಒಕ್ಕಲುತನದ ಮನೆಯ ಮಗಳು. ನಾನು ಈ ಬೈಲಹೊಂಗಲದ ಮನೆಗೆ ಹಿರಿಯ ಸೊಸೆಯಾಗಿ ಬಂದು, ಅತ್ತೆಯ ರುಚಿ ಕಲಿತು, ಜ್ವರ ಬಂದಾಗ ಅವರ ಕಾಲೊತ್ತಿ, ಇನ್ನೇನು ಈ ಮನೆಯಲ್ಲಿ ನನ್ನ ಮಾತೇ ಮಾತು ಅಂದುಕೊಳ್ಳುವ ಹೊತ್ತಿಗೆ ಅವಳು ಬಂದಳು. ಬಂದ ವಾರದೊಳಗೇ ಮೈದುನನ ಬಿಸ್ಕಿಟ್ ಬಣ್ಣದ ಕಾರನ್ನು ಓಣಿಯಿಂದ ಹಿಮ್ಮುಖವಾಗಿ ಹೊರಗೆ ತೆಗೆದಳು. ತವರಿನಲ್ಲಿ ಟ್ರ್ಯಾಕ್ಟರ್ ಓಡಿಸಿದ ಕೈಯಂತೆ. ಓಣಿಯ ಹೆಂಗಸರೆಲ್ಲ ಕಟ್ಟೆಗೆ ಬಂದು ನಿಂತು ನೋಡಿದರು. ನಾನು ಅವತ್ತು ಮಾಡಿದ ಹೋಳಿಗೆಯನ್ನು ಯಾರೂ ನೆನೆಯಲಿಲ್ಲ.

ಹೋಳಿಗೆ ಹೋಗಲಿ, ಅದನ್ನು ನಾನೂ ಮರೆತೆ. ಮರೆಯಲಾಗದ್ದು ಮುಂದಿನ ಸೀಟು. ಸುವರ್ಣಾ ಗಾಡಿ ಓಡಿಸಿದರೆ ಅತ್ತೆ ತಪ್ಪದೆ ಮುಂದೆ, ಅವಳ ಪಕ್ಕದಲ್ಲಿ ಕೂರುತ್ತಿದ್ದರು. ಎಲೆಯಡಿಕೆಯ ಸಂಚಿ ತೊಡೆಯ ಮೇಲೆ, ಒಂದು ಕೈ ಕಿಟಕಿಯ ಮೇಲಿನ ಹಿಡಿಕೆಗೆ, ಬೆನ್ನು ನೆಟ್ಟಗೆ. ಹಿಂದೆ ನಾನು, ಮಕ್ಕಳು, ಬುತ್ತಿಗಂಟು. ಹಿಂದಿನಿಂದ ನನಗೆ ಕಾಣುತ್ತಿದ್ದದ್ದು ಅತ್ತೆಯ ಸೆರಗು, ಅವರ ಕೆನ್ನೆಯ ಒಂದು ಪಾಲು ಮತ್ತು ಎಡೆಬಿಡದೆ ಅಲುಗುವ ತುಟಿ. ಏನು ಮಾತಾಡುತ್ತಿದ್ದರೋ, ಇಂಜಿನ್ನಿನ ಸದ್ದಿನಲ್ಲಿ ಒಂದಕ್ಷರವೂ ಕೇಳುತ್ತಿರಲಿಲ್ಲ. ನನ್ನೊಂದಿಗೆ ಉಪ್ಪು ಸಾಕೋ ಬೇಕೋ ಎಂಬುದರ ಆಚೆ ಮಾತು ಬೆಳೆಸದ ಹೆಂಗಸಿಗೆ ಅವಳ ಪಕ್ಕದಲ್ಲಿ ಇಷ್ಟು ಮಾತು ಎಲ್ಲಿಂದ ಬರುತ್ತದೆ ಎಂದು ನಾನು ಮುನವಳ್ಳಿಯವರೆಗೂ ಕುದಿಯುತ್ತಿದ್ದೆ. ಮಲಪ್ರಭೆಯ ನೀರು ಕಂಡರೆ ಎಲ್ಲರೂ ಕೈಮುಗಿಯುವರು, ನಾನೂ ಮುಗಿಯುತ್ತಿದ್ದೆ, ಆದರೆ ಕುದಿ ಆರುತ್ತಿರಲಿಲ್ಲ.

ಮುಂದೆ ಮೈದುನ ರಾಮದುರ್ಗದಲ್ಲಿ ಸ್ವಂತ ಅಂಗಡಿ ತೆರೆದ. ಹೊಸ ಕಾರು ಕೊಂಡರು, ಹಳೆಯದನ್ನು ನಮಗೆ ಬಿಟ್ಟು ಹೋದರು. ನನ್ನ ಗಂಡ ಮೋಟರ್ ಸೈಕಲ್ಲಿನ ಆಚೆ ಆಸೆ ಇಟ್ಟುಕೊಂಡವರಲ್ಲ. "ಮಾರಿಬಿಡೂಣೇನು?" ಎಂದರು. ಬೇಡವೆಂದು ನಾನೇ ಡ್ರೈವಿಂಗ್ ಶಾಲೆಗೆ ಹೆಸರು ಹಚ್ಚಿಸಿದೆ. ಕಲಿಸುವವನು ನನ್ನ ತವರು ಕಿತ್ತೂರು ಎಂದು ಕೇಳಿ ಬಹಳ ಖುಷಿಪಟ್ಟ, ಕುದುರೆ ಏರುವವಳು ಬಂದಳೆಂದುಕೊಂಡನೋ ಏನೋ. ನಾನು ಕ್ಲಚ್ಚು ಬಿಡಲಿಕ್ಕೇ ಒಂದು ತಿಂಗಳು ಹೆದರಿದೆ. ಕಡೆಗೂ ಕಲಿತೆ. ನಿಧಾನ ನನ್ನ ಗಾಡಿ. ಹಿಂದಿನಿಂದ ಬಸ್ಸಿನವರು ಹಾರ್ನು ಹೊಡೆದು ಸಾಕಾಗಿ ಸುಮ್ಮನಾಗುತ್ತಾರೆ.

ಇಷ್ಟೆಲ್ಲ ಪಟ್ಟದ್ದು ಯಾತಕ್ಕೆ ಎಂದು ನಿಮಗೆ ತಿಳಿದೇ ಇದೆ. ಅತ್ತೆಯನ್ನು ಕೂರಿಸಿಕೊಂಡು ಹೊರಟ ಮೊದಲ ದಿನ ಮುಂದಿನ ಬಾಗಿಲು ತೆರೆದು ನಿಂತೆ. ಅವರು ನನ್ನನ್ನು ದಾಟಿ ಹಿಂದಿನ ಬಾಗಿಲು ತಾವೇ ತೆಗೆದುಕೊಂಡು ಹೋಗಿ ಕೂತರು. ಊರ ಅಗಸೆಬಾಗಿಲು ದಾಟುವುದರೊಳಗೆ ಕಾಲು ಚಾಚಿ ಮಲಗಿಬಿಟ್ಟರು. ನಾನು ಕೇಳಿದ್ದಕ್ಕೆ ಗೊರಕೆಯೇ ಉತ್ತರ. ಮುಂದಿನ ಸಲವೂ ಅದೇ, ಆಮೇಲಿನ ಸಲವೂ ಅದೇ. ಅವಳೊಂದಿಗೆ ಮುಗಿಯದ ಮಾತು, ನನ್ನೊಂದಿಗೆ ನಿದ್ದೆ! ಪಕ್ಕದ ಖಾಲಿ ಸೀಟನ್ನು ನೋಡಿದಾಗಲೆಲ್ಲ ಅಲ್ಲಿ ಸುವರ್ಣಾಳೇ ಕೂತು ಹಲ್ಲು ಕಿರಿದಂತಾಗುತ್ತಿತ್ತು. ಪಾಪ, ಅವಳು ರಾಮದುರ್ಗದಲ್ಲಿ ತನ್ನಷ್ಟಕ್ಕೆ ರೊಟ್ಟಿ ಬಡಿಯುತ್ತಿದ್ದಳು.

ಆ ದಿನಗಳಲ್ಲೇ ಬೆಲ್ಟು ಬದಲಿಸುವ ಕಾಲ ಬಂತು. ಗ್ಯಾರೇಜಿನ ದಸ್ತಗೀರ ಮಿಸ್ತ್ರಿ ಎಣ್ಣೆ ಬದಲಿಸುವಾಗ ಇಂಜಿನ್ನಿನ ಪಕ್ಕದ ಮುಚ್ಚಳ ತೆಗೆದು ತೋರಿಸಿದ. ಒಳಗೆ ಮೇಲೊಂದು ಚಕ್ರ, ಕೆಳಗೊಂದು ಚಕ್ರ, ಎರಡನ್ನೂ ಬಿಗಿದುಕೊಂಡ ಹಲ್ಲಿನ ಬೆಲ್ಟು. ಅಂಚಿನಲ್ಲಿ ಸಣ್ಣ ಸಣ್ಣ ಸೀಳು ಬಿಟ್ಟಿದ್ದವು.

"ಮ್ಯಾಲಿಂದು ಕೆಳಗಿಂದು ಒಂದ ತಾಳದಾಗ ತಿರಗಬೇಕ್ರಿ ಅಕ್ಕಾರ. ಇದು ಹಾದಿ ಮ್ಯಾಲ ಹರದ್ರ ಒಳಗ ಒಂದಕ್ಕೊಂದು ಬಡದು ಇಂಜಿನ್ ಮಟಾಶ್. ಹೋದ ಸರ್ತಿ ಸಣ್ಣ ಅಕ್ಕಾರು ಟೈಮ್ ಟು ಟೈಮ್ ಹಾಕಸಿದ್ರು."

ಕಡೆಯ ಮಾತು ಬೇಕಿರಲಿಲ್ಲ. ಅವನಿಗೂ ಸಣ್ಣ ಅಕ್ಕಾರದೇ ಜಪ.

ಬೆಲ್ಟನ್ನು ನಾನೇ ಆರಿಸಿ ತರುತ್ತೇನೆಂದು ಹಟ ಹಿಡಿದು ಬಿಡಿಭಾಗಗಳ ಅಂಗಡಿಗೆ ಹೋದೆ. ಅಂಗಡಿಯವರು ಕೌಂಟರಿನ ಮೇಲೆ ಮೂರು ಡಬ್ಬಿ ಇಟ್ಟರು. ಬಳೆ ಆರಿಸುವವಳ ಹಾಗೆ ಒಂದೊಂದನ್ನೇ ತೆಗೆದು ಮೂಸಿ ನೋಡಿದೆ, ಬಗ್ಗಿಸಿ ನೋಡಿದೆ. ಕಡೆಗೆ ಮನಸ್ಸಿನಲ್ಲಿದ್ದ ಪ್ರಶ್ನೆಯೇ ಹೊರಬಿತ್ತು.

"ಹಿಂದ ನಮ್ಮ ಸಣ್ಣಾಕಿ ಯಾವದು ಒಯ್ದಿದ್ಲು?"

ಅವರು ನಡುವಿನದನ್ನು ತೋರಿಸಿದರು. ನಾನು ಕೂಡಲೇ ಅದಕ್ಕಿಂತ ತುಟ್ಟಿಯದರ ಮೇಲೆ ಕೈಯಿಟ್ಟೆ. "ಇದನ್ನ ಕೊಡ್ರಿ."

"ಅದು ತುಟ್ಟಿ ಐತಿ ಖರೆ, ಆದರ ಬ್ಯಾರೆ ಗಾಡೀದ್ರಿ ಬಾಯಾರ. ಹಲ್ಲ ಕೂಡೂದಿಲ್ಲ. ಯಾವದಕ್ಕೂ ಇರಲಿ ಅಂತ ನೋಡಾಕ ಇಟ್ಟಿದ್ದೆ."

ಹೀಗೆ ಸುವರ್ಣಾ ಆರಿಸಿದ್ದನ್ನೇ ನಾನೂ ಆರಿಸಬೇಕಾಯಿತು. ಬೆಲ್ಟನ್ನು ಬಿಗಿ ಹಿಡಿಯುವ ಗಾಲಿಯನ್ನೂ ಹೊಸದೇ ಹಾಕುವುದು ಒಳ್ಳೆಯದು ಎಂದು ಅಂಗಡಿಯವರು ಹೇಳಿದರು. ಅದನ್ನು ಅವಳು ಒಯ್ದಿರಲಿಲ್ಲವಂತೆ. ಎರಡು ಮಾತಾಡದೆ ತೆಗೆದುಕೊಂಡೆ.

ಗ್ಯಾರೇಜಿಗೆ ಹೊರಟ ದಿನ ಶುಕ್ರವಾರ. ಗಾಡಿ ಬಿಚ್ಚುವುದನ್ನು ನೋಡುತ್ತೇನೆ, ಆಮೇಲೆ ಹಾಗೆಯೇ ಸಂಪಗಾಂವಿಗೆ, ತಮ್ಮ ತವರಿಗೆ ಕರೆದುಕೊಂಡು ಹೋಗು ಎಂದು ಅತ್ತೆಯೂ ಬಂದರು. ಬೇವಿನ ಮರದ ಕೆಳಗೆ ಸ್ಟೂಲು ಹಾಕಿಸಿಕೊಂಡು ಕೂತರು. ಮಿಸ್ತ್ರಿ ಹಳೆಯ ಬೆಲ್ಟು ಬಿಚ್ಚುವ ಮೊದಲು ಎರಡೂ ಚಕ್ರಗಳ ಮೇಲೆ ಸೀಮೆಸುಣ್ಣದಿಂದ ಒಂದೊಂದು ಗೀಟು ಎಳೆದ. ಅದೇ ಅವನ ರೀತಿ, ಆ ಗೀಟುಗಳನ್ನು ನೋಡಿಕೊಂಡೇ ಹೊಸದನ್ನು ಕೂರಿಸುವುದು. ಗೀಟು ಎಳೆದು, ಬೆಲ್ಟು ಬಿಚ್ಚಿ, ಕೈತೊಳೆದು ಮಧ್ಯಾಹ್ನದ ನಮಾಜಿಗೆ ಹೋದ. ನಾನು ಎದುರಿನ ಅಂಗಡಿಯಿಂದ ಅತ್ತೆಗೆ ಚಹಾ ತರಲು ಹೋದೆ.

ಚಹಾ ತಂದು ನೋಡುತ್ತೇನೆ, ಅತ್ತೆ ಬಿಚ್ಚಿಟ್ಟ ಇಂಜಿನ್ನಿನ ಮೇಲೆ ಬಗ್ಗಿದ್ದಾರೆ. ಸಂಚಿಯಿಂದ ಈಬತ್ತಿ ಗಟ್ಟಿ ಹೊರಗೆ ಬಂದಿದೆ. ಮೇಲಿನ ಚಕ್ರಕ್ಕೆ ಮೂರು ಬೆರಳಿನ ಲಕ್ಷಣವಾದ ವಿಭೂತಿ, ಕೆಳಗಿನ ಚಕ್ರಕ್ಕೂ ಮೂರು ಬೆರಳು, ಗೋಣಿಯ ಮೇಲಿದ್ದ ಹೊಸ ಬೆಲ್ಟಿಗೂ ಆಗಿದೆ.

"ಅಂವಾ ಒಂದ ಗೀಟ ಎಳದ ಹೋಗಿದ್ದ ನೋಡವಾ. ಒಂದ ಬೆರಳಲೆ ಯಾರರ ಈಬತ್ತಿ ಹಚ್ಚತಾರೇನು? ಅದನ್ನ ಒರಸಿ ಸರಿಯಾಗಿ ಹಚ್ಚೇನಿ."

ಸೆರಗಿನ ತುದಿಯಲ್ಲಿ ಸೀಮೆಸುಣ್ಣ ಹತ್ತಿತ್ತು. ಮಿಸ್ತ್ರಿ ಬಂದವನು ತಲೆಯ ಮೇಲೆ ಕೈಹೊತ್ತು ನಿಂತ. "ಅಮ್ಮಾರ, ದೇವರ ಕೆಲಸಾ ಚಲೋ ಮಾಡೀರಿ. ನನ್ನ ಕೆಲಸಾ ಕೆಡಿಸೀರಿ."

ಬೆಲ್ಟು ಬಿಚ್ಚಿದ ಮೇಲೆ ಚಕ್ರಗಳು ತಾವೇ ತುಸು ಹೊರಳಿಬಿಡುತ್ತವೆ, ಗೀಟಿಲ್ಲದೆ ಸರಿಯಾದ ಜಾಗ ತಿಳಿಯದು. ಕಂಪನಿಯವರೇ ಕೊರೆದ ಗುರುತು ಚಕ್ರದಲ್ಲಿ ಇರುತ್ತದಂತೆ. ಆದರೆ ನಮ್ಮ ಕಾರಿನ ಮೇಲಿನ ಚಕ್ರವನ್ನು ಹಿಂದೆ ಯಾರೋ ಬದಲಿಸಿದ್ದರಿಂದ ಅದರ ಮೇಲೆ ಎರಡು ಗುರುತಿದ್ದವು, ನಿಜವಾದದ್ದು ಒಂದೇ. ತಪ್ಪಾದರೆ ಏನಾಗುತ್ತದೆಂದು ಮೊದಲೇ ಕೇಳಿದ್ದೆನಲ್ಲ. ಮಿಸ್ತ್ರಿ ಎರಡನ್ನೂ ದಿಟ್ಟಿಸಿ, ಗಡ್ಡ ಕೆರೆದುಕೊಂಡು, ಕಡೆಗೆ ನಾನು ಯಾವುದಕ್ಕೆ ಹೆದರುತ್ತಿದ್ದೆನೋ ಅದನ್ನೇ ಹೇಳಿದ.

"ಹೋದ ಸರ್ತಿ ಬೆಲ್ಟ್ ಹಾಕಿದಾಗ ಸಣ್ಣ ಅಕ್ಕಾರು ಫೋಟೋ ಹೊಡಕೊಂಡಿದ್ರು. ಒಂದ ಫೋನ್ ಹಚ್ರೆಲಾ."

"ಹೌದಲಾ, ಸುವರ್ಣಾಗ ಹಚ್ಚ. ಆಕೀಗೆ ಎಲ್ಲಾ ಗೊತ್ತಿರತೈತಿ" ಎಂದು ಅತ್ತೆ ಚಹಾ ಹೀರಿದರು.

ಗುರುತು ಒರೆಸಿದವರು ಇವರು, ಕೈಚಾಚಬೇಕಾದವಳು ನಾನು, ಹೊಗಳಿಕೆ ರಾಮದುರ್ಗಕ್ಕೆ! ಕಾರನ್ನು ಹಾಗೆಯೇ ಬಿಟ್ಟು ನಡೆದುಕೊಂಡು ಮನೆಗೆ ಹೋಗೋಣವೆನಿಸಿತು. ಆದರೂ ಬೇವಿನ ಮರದ ಆಚೆ ಬದಿಗೆ ಹೋಗಿ ಫೋನು ಹಚ್ಚಿದೆ. ಅವಳು ಪೂರ್ತಿ ಕೇಳುವ ಮೊದಲೇ ನಕ್ಕಳು, ನಗುತ್ತಲೇ ಫೋಟೋ ಹುಡುಕಿ ಕಳಿಸಿದಳು. ನಾನು ಅದನ್ನು ಮಿಸ್ತ್ರಿಗೆ ತೋರಿಸಿ ಬಂದೆ. ಅವಳಿನ್ನೂ ಫೋನಿನಲ್ಲೇ ಇದ್ದಳು.

"ಇವತ್ತ ಸಂಪಗಾಂವಿಗೆ ಹೊಂಟೀರೇನ್ರಿ ಅಕ್ಕಾ? ಅತ್ತ್ಯಾರು ಹಿಂದ ಕುಂದರತಾರಲ್ಲ?"

ಬೇಕೆಂದೇ ಚುಚ್ಚಿದಳು ಎನಿಸಿತು. ತಡೆಯಲಾಗಲಿಲ್ಲ. "ಹಿಂದನ ಕುಂದರತಾರ ತಾಯಿ. ನಿನ್ನ ಬಾಜೂಕ ಕುಂತಂಗ ನನ್ನ ಬಾಜೂಕ ಯಾಕ ಕುಂದರತಾರ?"

ಅವಳ ದನಿಯಲ್ಲಿ ಈಗ ನಗು ಇರಲಿಲ್ಲ.

"ನಿಮಗ ಖರೇನ ಗೊತ್ತಿಲ್ಲೇನ್ರಿ? ಅವರು ಮುಂದ ಕುಂದರತಿದ್ದದ್ದು ನನ್ನ ಕಾಯಾಕ. ನನ್ನ ಮ್ಯಾಲ ಅವರಿಗೆ ನಂಬಿಕಿನ ಇಲ್ಲ. ಹಿಡಿಕಿ ಹಿಡಕೊಂಡು ದಾರಿ ಉದ್ದಕ್ಕೂ ಶಿವಾ ಶಿವಾ, ಸಾವಕಾಶ ಸಾವಕಾಶ, ಇಷ್ಟ ಮಾತು. ಅಷ್ಟು ವರ್ಷ ಗಾಡಿ ಹೊಡದೇನಿ, ಒಂದ ದಿನಾ ಕಣ್ಣ ಮುಚ್ಚಲಿಲ್ಲ. ನಿಮ್ಮ ಗಾಡ್ಯಾಗ ಕಾಲ ಚಾಚಿ ಮಕ್ಕೋತಾರಂತ. ಊರಿಗೆ ಬಂದಾಗೆಲ್ಲಾ ಅದನ್ನ ನನ್ನ ಮುಂದ ಹೇಳತಾರ, ಹಿರ್ಯಾಕಿ ಗಾಡ್ಯಾಗ ತೊಟ್ಟಲದಾಗ ಮಲಗಿದಂಗ ಆಗತೈತಿ ಅಂತ. ನನಗ ಹ್ಯಾಂಗ ಆಗಬ್ಯಾಡ? ಹೊಟ್ಟಿ ಉರೀತೈತ್ರಿ ಅಕ್ಕಾ."

ಅತ್ತೆಯ ಆ ಅಲುಗುವ ತುಟಿ ಕಣ್ಣ ಮುಂದೆ ಬಂತು. ಗುಟ್ಟು ಎಂದು ನಾನು ವರ್ಷಗಟ್ಟಲೆ ಕರುಬಿದ್ದು ಜಪಕ್ಕೆ! ನನ್ನ ಹಿಂದೆ ಅಷ್ಟು ಚಂದ ಗೊರಕೆ ಹೊಡೆಯುತ್ತಿದ್ದವರನ್ನು, ನನ್ನ ಸಹವಾಸ ಬೇಸರವಾಗಿ ಮಲಗಿದರು ಎಂದುಕೊಂಡಿದ್ದೆ. "ಹೋಗಲಿ ಬಿಡವಾ, ವಯಸ್ಸಾದವರು" ಎಂದು ಹಿರಿಯಕ್ಕನ ಗಾಂಭೀರ್ಯದಲ್ಲಿ ಸಮಾಧಾನ ಮಾಡಿದೆ. ಮರದ ಆಚೆ ಯಾರೂ ಇರಲಿಲ್ಲವಾದ್ದರಿಂದ ನನ್ನ ಮುಖ ಹೇಗಿತ್ತೆಂದು ಯಾರೂ ನೋಡಲಿಲ್ಲ.

ಮಿಸ್ತ್ರಿ ಫೋಟೋ ನೋಡಿಕೊಂಡು ಬೆಲ್ಟು ಕೂರಿಸಿ, ಸ್ಪ್ಯಾನರು ಹಾಕಿ ಇಂಜಿನ್ನನ್ನು ಕೈಯಿಂದಲೇ ಎರಡು ಸುತ್ತು ತಿರುವಿದ. ಎಲ್ಲೂ ತಡೆಯಲಿಲ್ಲ. ಈಬತ್ತಿಯನ್ನು ಒರೆಸಲೇ ಎಂದು ಕೇಳಿದ್ದಕ್ಕೆ ಅತ್ತೆ ಕಣ್ಣು ಬಿಟ್ಟರು. ಅದು ಹಾಗೆಯೇ ಒಳಗೆ ಸೇರಿತು. ಹಳೆಯ ಬೆಲ್ಟನ್ನು ಬಿಸಾಡುವುದೇಕೆಂದು ಅತ್ತೆ ಸಂಚಿಯ ಜೊತೆ ಕಟ್ಟಿಕೊಂಡರು. ಸಂಪಗಾಂವಿಗೆ ಹೊರಟಾಗ ಅವರು ಎಂದಿನಂತೆ ಹಿಂದಿನ ಬಾಗಿಲಿಗೆ ಹೋದರು. ಈ ಸಲ ನಾನೇ ಓಡಿಹೋಗಿ ಅದನ್ನು ತೆರೆದೆ. ಕನ್ನಡಿಯನ್ನು ತುಸು ಕೆಳಗೆ ಬಗ್ಗಿಸಿಕೊಂಡೆ. ಅವರ ಬಾಯಿ ಅರ್ಧ ತೆರೆಯುವವರೆಗೆ ಎರಡನೆಯ ಗೇರಿನ ಮೇಲೆ ಹೋಗಲಿಲ್ಲ. ಹಿಂದಿದ್ದ ಬಸ್ಸಿನವನು ಏನೇನು ಬೈದನೋ ದೇವರಿಗೇ ಗೊತ್ತು.

ಇಷ್ಟು ತಿಳಿದ ಮೇಲೂ ಇವತ್ತು ಬೆಳಿಗ್ಗೆ ಅವಳು ಕೀಲಿ ಕೇಳಿದಾಗ ಮೆಣಸಿನಕಾಯಿ ಹುರಿದದ್ದು ಯಾಕೆ? ಅವಳು ಈಗ ಹೊಸ ಕಾರು ಓಡಿಸಿ ಪಳಗಿದ್ದಾಳೆ. ನಾಳೆ ಸವದತ್ತಿಯ ದಾರಿಯಲ್ಲಿ ಅತ್ತೆ ಅವಳ ಹಿಂದೆ ಕೂತು, ಕಾಲು ಚಾಚಿ, ಕಣ್ಣು ಮುಚ್ಚಿಬಿಟ್ಟರೆ? ಬೆಲ್ಟನ್ನು ಮೊಳೆಗೆ ಹಾಕುತ್ತಾ ಇದನ್ನೇ ಯೋಚಿಸುತ್ತಿದ್ದೆ. ಅತ್ತೆ ಪಡಸಾಲೆಯಿಂದ ಕೂಗಿದರು.

"ಯಾರದ ಫೋನು?"

"ಸುವರ್ಣಾಂದ್ರಿ. ನಾಳಿ ಬರತಾಳಂತ. ಸವದತ್ತಿಗೆ ಆಕೀನ ಗಾಡಿ ಹೊಡೀತಾಳಂತ."

ಅಡಕತ್ತರಿಯ ಸದ್ದು ನಿಂತಿತು.

"ಹಂಗಾರ ನಾ ಮುಂದ ಕುಂದರತೇನಿ."

ನಾನು ಬಾಗಿಲ ಹಿಂದೆ, ಬೆಲ್ಟಿನ ಪಕ್ಕದಲ್ಲೇ ನಿಂತು ಮನಸಾರೆ ನಕ್ಕೆ. ಆಮೇಲೆ ಮುಖ ಒರೆಸಿಕೊಂಡು ಹೋಗಿ ಕೀಲಿಯನ್ನು ಎಲ್ಲರಿಗೂ ಕಾಣುವಂತೆ ಟಿವಿಯ ಮುಂದೆ ಇಟ್ಟೆ.