ಬ್ಯಾಡಗಿ ವೀರಭದ್ರಪ್ಪ ಕೊಟ್ಟ ಕ್ಷಮೆ

ಕೊಚ್ಚಿಯ ಮಟ್ಟಾಂಚೇರಿಯಲ್ಲಿ ವೀರಭದ್ರಪ್ಪನವರ ಗೋದಾಮಿಗೆ ಬೋರ್ಡು ಇಲ್ಲ. ಹುಡುಕಿಕೊಂಡು ಬಂದವರಿಗೆ ಬೀದಿಯ ತಿರುವಿನಲ್ಲೇ ಸೀನು ಬರುತ್ತದೆ, ಅದೇ ಗುರುತು. ಬ್ಯಾಡಗಿಯ ಒಣಮೆಣಸಿನಕಾಯಿ ಇಲ್ಲಿ ಇಳಿದು ಕೇರಳದ ಮಸಾಲೆಪುಡಿ ಗಿರಣಿಗಳಿಗೆ ಹಂಚಿಹೋಗುತ್ತದೆ. ಮದುವೆಯಾದ ಮರುವರ್ಷ ಹೆಂಡತಿ ಕಮಲಮ್ಮನೊಂದಿಗೆ ಕೊಚ್ಚಿಗೆ ಬಂದ ಅವರಿಗೆ ಮಲಯಾಳಂ ವ್ಯಾಪಾರಕ್ಕೆ ಸಾಲುವಷ್ಟು ಬಂತು, ಮನಸ್ಸು ಬಿಚ್ಚುವಷ್ಟು ಬರಲಿಲ್ಲ.

ಆ ಕೊರತೆಯನ್ನು ತುಂಬಿದವರು ಇಸ್ಮಾಯಿಲ್. ತಿರುವನಂತಪುರದ ಚಾಲೆ ಪೇಟೆಯಲ್ಲಿ ಅವರದೊಂದು ಸಣ್ಣ ಗಿರಣಿ. ಹುಟ್ಟೂರು ಕಾಸರಗೋಡು, ಓದಿದ್ದು ಕನ್ನಡ ಶಾಲೆಯಲ್ಲಿ. ವೀರಭದ್ರಪ್ಪ ಆ ಕಡೆ ಹೋದಾಗಲೆಲ್ಲ ಉಳಿಯುತ್ತಿದ್ದುದು ಅವರ ಮನೆಯಲ್ಲೇ. ಲಿಂಗಾಯತರ ಊಟಕ್ಕೆಂದು ಇಸ್ಮಾಯಿಲರ ಹೆಂಡತಿ ಫಾತಿಮಾ ಮೀನು ಮಾಂಸ ಸೋಕದ ಪಾತ್ರೆಯೊಂದನ್ನು ಬೇರೆಯಾಗಿ ಎತ್ತಿಟ್ಟಿದ್ದರು.

ಇಬ್ಬರ ನಡುವೆ ಬರವಣಿಗೆಯ ಕರಾರು ಇರಲಿಲ್ಲ. ಬೇಸಿಗೆಯಲ್ಲಿ ಮಾಲು ಹೋಗುವುದು, ಓಣಂ ಕಳೆದ ಮೇಲೆ ಹಣ ಬರುವುದು, ಅಷ್ಟೇ. ಒಂದು ವರ್ಷ ಓಣಂ ಕಳೆಯಿತು, ಹಣ ಬರಲಿಲ್ಲ. ವೀರಭದ್ರಪ್ಪ ಚಾಲೆಗೆ ಹೋದಾಗ ಇಸ್ಮಾಯಿಲ್ ಅವರನ್ನು ನೇರವಾಗಿ ಗಿರಣಿಯ ಹಿಂದಿನ ಕೋಣೆಗೆ ಕರೆದೊಯ್ದು ಚೀಲ ಬಿಚ್ಚಿ ತೋರಿಸಿದರು. ಮಳೆಗಾಲದ ತೇವಕ್ಕೆ ಕಾಯಿ ಬಣ್ಣಗೆಟ್ಟು ಬಿಳಿಚಿತ್ತು.

"ನೋಡಿ ಭದ್ರಣ್ಣ, ಇದನ್ನು ಪುಡಿ ಮಾಡಿದ್ರೆ ಯಾರು ತಗೊಳ್ತಾರೆ? ಬೇಕಾದ್ರೆ ವಾಪಸು ಕೊಂಡೋಗಿ. ಇಲ್ಲದಿದ್ರೆ ಬರುವ ಓಣಂವರೆಗೆ ಸ್ವಲ್ಪ ಸ್ವಲ್ಪ ಕೊಡ್ತೇನೆ."

"ಈ ಹೊಟ್ಟು ಒಯ್ದು ನಾ ಏನ್ ಮಾಡ್ಲಿ? ನಿನ್ನ ತಲೀಗೆ ಎಣ್ಣಿ ಕಾಸ್ಲೇನು?" ಎಂದರು ವೀರಭದ್ರಪ್ಪ. ಇಬ್ಬರೂ ನಕ್ಕರು, ಸ್ವಲ್ಪ ಸ್ವಲ್ಪ ಕೊಡುವ ಮಾತೇ ನಿಂತಿತು. ಅವತ್ತೂ ಅವರಿಗೆ ಅದೇ ಪಾತ್ರೆಯಲ್ಲಿ ಅಡುಗೆಯಾಯಿತು.

ಆದರೆ ಕೊಚ್ಚಿಗೆ ಮರಳಿದಾಗ ತಮ್ಮ ಬಾಕಿ ಕೇಳಿ ಬ್ಯಾಡಗಿಯ ದಲಾಲರ ಫೋನಿನ ಮೇಲೆ ಫೋನು. ವೀರಭದ್ರಪ್ಪ ವಕೀಲ ಜಾಯ್ಸ್ ಅವರನ್ನು ಕಂಡರು. ಸಿವಿಲ್ ದಾವೆ ಹೂಡಿದರೆ ವರ್ಷಗಟ್ಟಲೆ ಅಲೆದಾಟ, ವಂಚನೆಯೆಂದು ಪೊಲೀಸರಿಗೆ ದೂರು ಕೊಟ್ಟರೆ ವಾರದಲ್ಲಿ ಹಣ ಎಂದು ವಕೀಲರು ತಿಳಿಸಿದರು. ಒಂದೇ ತೊಡಕಿತ್ತು. ಕೊಡಲಾಗದವನು ವಂಚಕನಲ್ಲ, ಮೊದಲಿನಿಂದಲೂ ಮೋಸದ ಉದ್ದೇಶವಿತ್ತೆಂದು ಹೇಳಬೇಕು. ಹಾಗಾಗಿ, ಇಸ್ಮಾಯಿಲ್ ಎಂಬ ಅಪರಿಚಿತನೊಬ್ಬ ಗೋದಾಮಿಗೆ ಬಂದು, ಸವಿಮಾತಾಡಿ ನಂಬಿಸಿ ಮಾಲು ಎತ್ತಿಕೊಂಡು ಹೋದನೆಂದು ದೂರು ಸಿದ್ಧವಾಯಿತು. ವೀರಭದ್ರಪ್ಪ ಓದಿ ನೋಡಿಯೇ ಸಹಿ ಹಾಕಿದರು.

ಕೊಚ್ಚಿಯ ಪೊಲೀಸರು ಚಾಲೆಯಲ್ಲಿ ಪೇಟೆ ತುಂಬಿದ್ದ ಹೊತ್ತಿನಲ್ಲೇ ಇಸ್ಮಾಯಿಲರನ್ನು ಜೀಪು ಹತ್ತಿಸಿದರು. ಮರುದಿನ ಫಾತಿಮಾ ಬಳೆಗಳನ್ನು ಒತ್ತೆಯಿಟ್ಟು ರೈಲಿನಲ್ಲಿ ಬಂದರು. ಪೊಲೀಸ್ ಸ್ಟೇಷನ್ನಿನ ಬೆಂಚಿನ ಮೇಲೆ ಹಣ ಕೈ ಬದಲಾಯಿಸಿತು. ಆಗ ಎಸ್ಸೈ ಕಿಟಕಿಯಾಚೆ ನೋಡುತ್ತ, "ನಾವೇನೂ ವಸೂಲಿ ಮಾಡಿಲ್ಲಪ್ಪ, ನೀವೇ ಮಾತಾಡಿಕೊಂಡಿದ್ದು" ಎಂದು ಮಲಯಾಳಂನಲ್ಲಿ ಹೇಳಿದರು. ಇಸ್ಮಾಯಿಲ್ ವೀರಭದ್ರಪ್ಪನವರ ಮುಖ ನೋಡಿದರು.

ಹಣ ಬಂದರೂ ಮೊಕದ್ದಮೆ ಹೋಗಲಿಲ್ಲ. ಗಂಡಹೆಂಡತಿ ಹಜ್‌ಗೆ ಅರ್ಜಿ ಹಾಕಲು ಹೊರಟಾಗ ಇಸ್ಮಾಯಿಲರ ಪಾಸ್‌ಪೋರ್ಟ್ ನವೀಕರಣ ಅದರಿಂದಾಗಿ ನಿಂತಿತು. ಮೊಕದ್ದಮೆ ರದ್ದಾಗಲು ಹೈಕೋರ್ಟಿಗೆ ದೂರುದಾರರ ಪ್ರಮಾಣಪತ್ರ ಬೇಕಿತ್ತು. ಜಾಯ್ಸ್ ವಕೀಲರ ಕಚೇರಿಯಲ್ಲಿ ಇಸ್ಮಾಯಿಲ್ ತಗ್ಗಿದ ದನಿಯಲ್ಲಿ ಕೇಳಿದರು: "ರಾಜಿಯಾಗಿದೆ ಅಂತ ಬರೆದದ್ದು ಸರಿ. ನಾನು ಮೋಸ ಮಾಡಿಲ್ಲ ಅಂತಲೂ ಒಂದು ಸಾಲು ಹಾಕ್ಬಹುದಾ? ಹಜ್‌ಗೆ ಹೋಗುವವನು ನಾನು. ಮೋಸಗಾರ ರಾಜಿ ಮಾಡಿಕೊಂಡ ಅಂತ ಆಗ್ಬಾರ್ದು."

ಹಾಗೆ ಬರೆದರೆ ಮೊದಲ ದೂರು ಸುಳ್ಳೆಂದಾಗುತ್ತದೆ, ಅದು ನಿಮ್ಮ ಕೊರಳಿಗೇ ಬರುತ್ತದೆ ಎಂದು ವಕೀಲರು ವೀರಭದ್ರಪ್ಪನವರನ್ನು ಎಚ್ಚರಿಸಿದರು. ವೀರಭದ್ರಪ್ಪ ಬರೆದಿದ್ದಷ್ಟಕ್ಕೇ ಸಹಿ ಹಾಕಿದರು. ಆ ಸಾಲಿಲ್ಲದೆಯೇ ಪ್ರಮಾಣಪತ್ರ ಹೋಯಿತು, ಮೊಕದ್ದಮೆ ರದ್ದಾಯಿತು. ಕಮಲಮ್ಮ ಮಾತ್ರ, "ಆ ಸಾಲು ನ್ಯಾಯಾಧೀಶರಿಗೆ ಹೇಳಾಕ ಆಗ್ಲಿಲ್ಲ, ಬ್ಯಾಡ. ಆ ಮನುಷ್ಯಾಗರೆ ಹೇಳ್ರಿ" ಎಂದು ಆಗಾಗ ಚುಚ್ಚುತ್ತಿದ್ದರು. ವೀರಭದ್ರಪ್ಪ ಫೋನು ಕೈಗೆತ್ತಿಕೊಂಡು ಮತ್ತೆ ಕೆಳಗಿಡುತ್ತಿದ್ದರು.

ಹಜ್ ಯಾತ್ರೆಗೆ ಹೊರಡುವವರು ಅದಕ್ಕೆ ಮುನ್ನ ಬಂಧುಗಳು, ನೆರೆಯವರು, ವ್ಯವಹಾರದವರೆಲ್ಲರ ಬಳಿ ಹೋಗಿ ಕ್ಷಮೆ ಕೇಳುವುದುಂಟು. ಆ ರೂಢಿಯಂತೆ ಇಸ್ಮಾಯಿಲ್ ಮತ್ತು ಫಾತಿಮಾ ಒಂದು ಬೆಳಿಗ್ಗೆ ಮಟ್ಟಾಂಚೇರಿಯ ಮನೆಗೂ ಬಂದರು. ಕಮಲಮ್ಮ ಕೊಟ್ಟ ಚಹಾ ಕುಡಿದು ಇಸ್ಮಾಯಿಲ್ ಎದ್ದು ನಿಂತು ವೀರಭದ್ರಪ್ಪನವರ ಎರಡೂ ಕೈ ಹಿಡಿದರು.

"ಭದ್ರಣ್ಣ, ಗೊತ್ತಿದ್ದೋ ಗೊತ್ತಿಲ್ಲದೆಯೋ ನನ್ನಿಂದ ತಪ್ಪಾಗಿದ್ರೆ ಮನಸ್ಸಲ್ಲಿ ಇಟ್ಕೊಳ್ಬೇಡಿ. ಕ್ಷಮಿಸ್ಬೇಕು."

ವೀರಭದ್ರಪ್ಪ ದೊಡ್ಡವರಾಗಿ ಹರಸುವಂತೆ, "ಇರ್ಲಿ ಬಿಡೋ, ಕ್ಷಮಿಸೀನಿ. ಆರಾಮ ಹೋಗಿ ಬಾ" ಎಂದುಬಿಟ್ಟರು.

ಫಾತಿಮಾ ತಲೆಯ ಮೇಲಿನ ಸೆರಗನ್ನು ಸರಿಮಾಡಿಕೊಂಡು ಹೊರಗೆ ನಡೆದರು. ಅತಿಥಿಗಳ ಆಟೋ ಬೀದಿ ದಾಟಿದ ಮೇಲೆ ಕಮಲಮ್ಮ ಚಹಾ ಲೋಟ ಎತ್ತುತ್ತ ಕೇಳಿದರು: "ಅವ್ರು ಏನ್ ತಪ್ಪು ಮಾಡ್ಯಾರಂತ ಕ್ಷಮಾ ಮಾಡಿದ್ರಿ?"

ವೀರಭದ್ರಪ್ಪ ಚಪ್ಪಲಿ ಮೆಟ್ಟಿಕೊಂಡು ಇನ್ನೊಂದು ಆಟೋ ಹಿಡಿದರು. ವೈಟ್ಟಿಲದ ಬಸ್ ನಿಲ್ದಾಣ ಮುಟ್ಟುವಾಗ ತಿರುವನಂತಪುರದ ಬಸ್ಸು ಹಿಮ್ಮುಖವಾಗಿ ಹೊರಬರುತ್ತಿತ್ತು. ಕಿಟಕಿಯ ಪಕ್ಕ ಇಸ್ಮಾಯಿಲ್ ಇದ್ದರು. ವೀರಭದ್ರಪ್ಪ ಜನರನ್ನು ಸರಿಸುತ್ತ ಓಡಿಬಂದು ಏನೋ ಕೂಗಿದರು, ಎಂಜಿನ್ನಿನ ಸದ್ದಿನಲ್ಲಿ ಅದು ಕೇಳಲಿಲ್ಲ. ಬೀಳ್ಕೊಡಲು ಇಲ್ಲಿಯವರೆಗೂ ಬಂದರಲ್ಲ ಎಂಬ ಸಂತೋಷಕ್ಕೆ ಇಸ್ಮಾಯಿಲ್ ಕಿಟಕಿಯಿಂದ ಕೈ ಹೊರಹಾಕಿ ಬೀಸಿದರು. ಅವರ ಪಕ್ಕದಲ್ಲಿದ್ದ ಫಾತಿಮಾ ತಿರುಗಿ ನೋಡಲಿಲ್ಲ. ಬೇರೇನು ಮಾಡಬೇಕೆಂದು ತೋಚದೆ ವೀರಭದ್ರಪ್ಪನವರೂ ಕೈ ಬೀಸಿದರು.