ಕತ್ತಿ ಇಟ್ಟು ಕೇಳುವವರು

ಅಂಕೋಲೆಯ ನಮ್ಮ ಸಲೂನಿನವರು ಗಿರಾಕಿಯ ಕುತ್ತಿಗೆಗೆ ಕತ್ತಿ ಇಟ್ಟ ಮೇಲೆಯೇ ಕೇಳುತ್ತಿದ್ದರು: "ನಿಮ್ಮ ಅಪ್ಪಂಗೆ ಪ್ರಾಸ್ಟೇಟ್ ಕ್ಯಾನ್ಸರ್ ಇತ್ತಾ?" ಆಗ ಯಾರಿಗೂ ಎದ್ದು ಹೋಗಲಾಗುತ್ತಿರಲಿಲ್ಲ.

ಕೇಳುವ ಅವರಿಗೇ ಆ ಕಾಯಿಲೆಯಿತ್ತು. ಮೂತ್ರಕ್ಕೆ ತೊಂದರೆಯಿಲ್ಲವೆಂದು ನಿಶ್ಚಿಂತರಾಗಿದ್ದವರಿಗೆ ಅದು ಪ್ರಾಸ್ಟೇಟ್ ಗ್ರಂಥಿ ದಾಟಿದ ಮೇಲೆ, ಮೂರನೆಯ ಹಂತದಲ್ಲಿ ಗೊತ್ತಾಯಿತು.

ಒಮ್ಮೆ ಬೆಳಂಬಾರದಿಂದ ಬಂದ ಅವರ ಅಣ್ಣ ನಮ್ಮೆದುರೇ ಗದರಿದರು: "ಮೆಲ್ಲಗೆ ಮಾತಾಡೋ, ಮಾನ ಹೋಗ್ತದೆ. ನಮ್ಮಪ್ಪ ಸೊಂಟನೋವಿಂದ ಹೋದದ್ದು."

"ಅಪ್ಪನ ಪ್ರಾಸ್ಟೇಟ್ ಕ್ಯಾನ್ಸರ್ ಎಲುಬಿಗೆ ಹಬ್ಬಿದೆ ಅಂತ ಡಾಕ್ಟ್ರು ನಿಂಗೆ ಹೇಳಿದ್ರು. ನೀನು ಮುಚ್ಚಿಟ್ಟೆ. ಅಪ್ಪಂಗಿದ್ರೆ ಮಕ್ಕಳಿಗೂ ಬರೂದು ಜಾಸ್ತಿ; ಗೊತ್ತಿದ್ರೆ ನಾನು ಮೊದಲೇ ತಪಾಸಣೆ ಮಾಡಿಸ್ತಿದ್ದೆ."

ಅಣ್ಣ ಎದ್ದರು. ಇವರು ಹೆಗಲು ಒತ್ತಿ ಕುರ್ಚಿಯಲ್ಲಿ ಕೂರಿಸಿ, ನೊರೆ ಹಚ್ಚಿ, ಕುತ್ತಿಗೆಗೆ ಕತ್ತಿ ಇಟ್ಟು, ಬೀದಿಗೆಲ್ಲ ಕೇಳುವಂತೆ ಕೂಗಿದರು: "ಈಗ ಹೇಳು ಅಣ್ಣಾ, ನಮ್ಮಪ್ಪಂಗೆ ಏನಾಗಿತ್ತು?"