ಒಂದು ಮನೆ ಮುಂದಿದ್ದ ಪಾನ್

ಇವತ್ತು ಬೆಳಿಗ್ಗೆ ಐದೂವರೆಗೆ ಕಾವೇರಿ ನೀರು ಬಂತು. ಎರಡು ಡ್ರಮ್ಮು, ನಾಲ್ಕು ಬಿಂದಿಗೆ ತುಂಬಿಸಿದೆ. ಇಡ್ಲಿಗೆ ಉದ್ದು ನೆನೆಹಾಕಿದೆ. ಯಜಮಾನರ ಬಿ.ಪಿ. ಮಾತ್ರೆಗಳನ್ನು ವಾರದ ಡಬ್ಬಿಗೆ ತುಂಬಿದೆ. ಬಸ್ಸಿನಲ್ಲಿ ಟಿನ್ ಫ್ಯಾಕ್ಟರಿ ಸ್ಟಾಪಿಗೆ ಹೋಗಿ ರಿಪೇರಿಗೆ ಕೊಟ್ಟಿದ್ದ ಮಿಕ್ಸಿ ತಂದೆ, ಹಾಗೆಯೇ ಎರಡು ಕಟ್ಟು ದಂಟಿನ ಸೊಪ್ಪು. ಮೆಟ್ಟಿಲು ಹತ್ತುವಾಗ ಕೆಳಗಿನ ಮನೆಯವರು ಹೊಸ ಬಾಗಿಲಿಗೆ ಪಾಲಿಶ್ ಹಾಕಿಸುತ್ತಿದ್ದರು. ಸ್ಪಿರಿಟ್ಟಿನಲ್ಲಿ ಕರಗಿದ ಅರಗಿನ ವಾಸನೆ. ಸೊಪ್ಪಿನ ಚೀಲ ಕೈಯಲ್ಲೇ ಇತ್ತು, ನಾನು ಮೆಟ್ಟಿಲ ಮೇಲೆ ಕೂತುಬಿಟ್ಟೆ. ಅದು ನಮ್ಮ ಅಪ್ಪನ ವಾಸನೆ. ಇಂಥ ಒಂದು ವಾಸನೆ ನಿಮಗೂ ಇರಬಹುದು. ಅದು ಎಲ್ಲಿಂದ ಬಂತೆಂದು ಹುಡುಕುವುದರೊಳಗೆ ಮನೆ, ಜನ, ಎಲ್ಲಾ ಎದುರಿಗೆ ಬಂದು ನಿಂತಿರುತ್ತದೆ.

ಅಪ್ಪ ಶಿವಾಜಿನಗರದ ಒಂದು ಫರ್ನಿಚರ್ ಅಂಗಡಿಯಲ್ಲಿ ಪಾಲಿಶ್ ಕೆಲಸ ಮಾಡುತ್ತಿದ್ದರು. ಎಷ್ಟು ಸೋಪು ಹಾಕಿದರೂ ಉಗುರಿನ ಕಂದು ಬಣ್ಣ ಹೋಗುತ್ತಿರಲಿಲ್ಲ. ಹಲಸೂರು ಕೆರೆಯ ಹಿಂದಿನ ಗಲ್ಲಿಯಲ್ಲಿ ನಮ್ಮದು ಒಂದೇ ಕೋಣೆಯ ಮನೆ, ಮೂಲೆಯಲ್ಲಿ ಅಡುಗೆ. ಆ ಕೋಣೆಯ ನಡುವೆ ನೆಲದ ಮೇಲೆ ಸದಾ ಒಂದು ಚದುರಂಗದ ಹಲಗೆ ಇರುತ್ತಿತ್ತು. ಅಂಗಡಿಯಲ್ಲಿ ಉಳಿದ ತೇಗ, ಬೀಟೆಯ ತುಂಡುಗಳನ್ನು ಕೂಡಿಸಿ ಅಪ್ಪನೇ ಮಾಡಿದ್ದು. ದೀಪ ಹಚ್ಚಿದರೆ ಅದರಲ್ಲಿ ನಮ್ಮ ಮುಖ ಕಾಣುತ್ತಿತ್ತು. ಅಪ್ಪನಿಗೆ ಆಟ ಕಲಿಸಿದವರು ಅಂಗಡಿಯಲ್ಲಿ ಪಕ್ಕದಲ್ಲೇ ಕೂತು ಮರಕ್ಕೆ ಉಜ್ಜುಕಾಗದ ಹಾಕುತ್ತಿದ್ದ ರಹೀಂ ಚಾಚಾ. ಅಪ್ಪ ಅದನ್ನು ನನ್ನ ಅಣ್ಣ ಶೇಖರನಿಗೆ ಕಲಿಸಿದರು. ಹತ್ತನೇ ವಯಸ್ಸಿಗೆ ಅಣ್ಣ ಇಬ್ಬರನ್ನೂ ಸೋಲಿಸಿದ. ಹದಿನಾಲ್ಕಕ್ಕೆ ರಾಜ್ಯದ ಕಿರಿಯರ ಚಾಂಪಿಯನ್. ಊರಿಗೆ ಬಂದ ದೊಡ್ಡ ಆಟಗಾರರೊಬ್ಬರು ಒಂದೇ ಸಲ ಮೂವತ್ತು ಜನರ ಜತೆ ಆಡಿದಾಗ ಸೋಲದೆ ಎದ್ದವರು ಇಬ್ಬರೇ. ಅವರಲ್ಲಿ ಒಬ್ಬ ಹವಾಯಿ ಚಪ್ಪಲಿ ಹಾಕಿಕೊಂಡು ಹೋಗಿದ್ದ ನಮ್ಮ ಅಣ್ಣ. ಅವನು ಯಾವ ಆಟವನ್ನೂ ಬರೆದುಕೊಳ್ಳದೆ, ಮನೆಗೆ ಬಂದು ಕಣ್ಣು ಮುಚ್ಚಿಕೊಂಡೇ ಪೂರ್ತಿ ಜೋಡಿಸುತ್ತಿದ್ದ. ಅಪ್ಪನಿಗೆ ಗೆದ್ದ ಕಪ್ಪುಗಳಿಗಿಂತ ಅದರದೇ ಹೆಮ್ಮೆ. "ಒಂದು ಕಾಯಿ ಆಚೀಚೆ ಆಗಲ್ಲ ರೀ ನಮ್ಮ ಹುಡುಗನ ಕೈಲಿ," ಎಂದು ಹಾಲಿನವನನ್ನೂ ನಿಲ್ಲಿಸಿಕೊಂಡು ಹೇಳುತ್ತಿದ್ದರು.

ಅಣ್ಣನಿಗೆ ಹತ್ತೊಂಬತ್ತು, ನನಗೆ ಹತ್ತಾದ ವರ್ಷ ರಾಜ್ಯ ಚಾಂಪಿಯನ್‌ಶಿಪ್ ಹಲಸೂರಿನ ಒಂದು ಶಾಲೆಯ ಹಾಲಿನಲ್ಲೇ ನಡೆಯಿತು. ಕೊನೆಯ ಸುತ್ತಿನ ಆಟ ಡ್ರಾ ಆದರೂ ಸಾಕು, ಅವನೇ ಚಾಂಪಿಯನ್. ಆಮೇಲೆ ರಾಷ್ಟ್ರೀಯ ಪಂದ್ಯ, ಅದರ ಹಿಂದೆ ಕ್ರೀಡಾ ಕೋಟಾದ ಒಂದು ಕೆಲಸ. ಮನೆಯಲ್ಲಿ ಎಲ್ಲರೂ ಬಾಯಿಬಿಟ್ಟು ಹೇಳದೆ ಅದನ್ನೇ ಕಾಯುತ್ತಿದ್ದೆವು. ಆಗೆಲ್ಲ ಆಟ ಒಂದೇ ಸಲಕ್ಕೆ ಮುಗಿಯಬೇಕೆಂದಿರಲಿಲ್ಲ. ಹೊತ್ತಾದರೆ ಅರ್ಧಕ್ಕೆ ನಿಲ್ಲಿಸುತ್ತಿದ್ದರು. ಯಾರ ಸರದಿಯೋ ಅವರು ಮುಂದಿನ ನಡೆಯನ್ನು ಚೀಟಿಯಲ್ಲಿ ಬರೆದು, ಲಕೋಟೆಗೆ ಹಾಕಿ ಅಂಟಿಸಿ ತೀರ್ಪುಗಾರರ ಕೈಗೆ ಕೊಡಬೇಕು. ಮತ್ತೆ ಕೂರುವ ತನಕ ಇಬ್ಬರೂ ತಮ್ಮ ತಮ್ಮ ಜನರ ಜತೆ ಅದೇ ಆಟವನ್ನು ಲೆಕ್ಕ ಹಾಕಬಹುದು. ಅಂದು ಮಧ್ಯಾಹ್ನ ಒಂದಕ್ಕೆ ಆಟ ನಿಂತಿತು, ನಾಲ್ಕಕ್ಕೆ ಮತ್ತೆ ಶುರು. ಅಣ್ಣ ಮನೆಗೆ ಬಂದು ಹಲಗೆಯ ಮೇಲೆ ಕಾಯಿ ಜೋಡಿಸಿದ, ನಿಂತುಕೊಂಡೇ ಎರಡು ತುತ್ತು ಮೊಸರನ್ನ ತಿಂದ, ಗೋಡೆಯ ಕಡೆ ತಿರುಗಿ ಮಲಗಿದ. ಹಿಂದಿನ ಮೂರು ದಿನ ಅವನಿಗೆ ನಿದ್ದೆಯೇ ಇರಲಿಲ್ಲ.

ಆಟ ಲೆಕ್ಕ ಹಾಕಲೆಂದು ಅಂಗಡಿಯಿಂದ ಬಂದಿದ್ದ ಅಪ್ಪ ಮತ್ತು ರಹೀಂ ಚಾಚಾ ಕೈ ತೊಳೆಯಲು ಹಿತ್ತಲಿಗೆ ಹೋದರು. "ಪುಟ್ಟಿ, ತಟ್ಟೆ ಹಾಕೇ," ಎಂದರು ಅಮ್ಮ. ನಮ್ಮ ಮನೆಯಲ್ಲಿ ಊಟಕ್ಕೆ ಕೂರುವ ಜಾಗವೂ ಹಲಗೆ ಇಡುವ ಜಾಗವೂ ಒಂದೇ. ದಿನಾ ಮಾಡುವ ಹಾಗೆ ಹಲಗೆಯನ್ನು ಕಾಯಿಗಳ ಸಮೇತ ಎತ್ತಿ ಟ್ರಂಕಿನ ಮೇಲೆ ಇಟ್ಟೆ. ಅಂಚಿನಲ್ಲಿದ್ದ ಅಣ್ಣನ ಒಂದು ಬಿಳಿ ಕಾಲಾಳು, ನಮ್ಮ ಮಾತಿನಲ್ಲಿ ಪಾನ್, ಉರುಳಿತು. ಹೆಜ್ಜೆ ಸದ್ದು ಕೇಳಿ, ಬಿದ್ದದ್ದನ್ನು ಅವಸರದಲ್ಲಿ ಅಂದಾಜಿಗೆ ನಿಲ್ಲಿಸಿದೆ. ನಾಲ್ಕನೇ ಸಾಲಿನಲ್ಲಿ.

ಊಟವಾದ ಮೇಲೆ ಅವರಿಬ್ಬರೂ ಟ್ರಂಕಿನ ಮುಂದೆ ಕೂತರು. ಮೂರರ ಹೊತ್ತಿಗೆ ರಹೀಂ ಚಾಚಾ ತೊಡೆ ತಟ್ಟಿಕೊಂಡು ಎದ್ದರು.

"ಏ ಶೇಖರ್, ಉಠ್ ಬೇಟಾ! ಡ್ರಾ ಯಾಕೋ ಭಿಕ್ಷೆ ಥರ? ಆನೆ ಕೊಟ್ಬಿಡು, ಈ ಪಾನ್ ಓಡಿಸು. ಅವನ ರಾಜ ಹಿಡಿಯಕ್ಕೆ ಬರೋದ್ರೊಳಗೆ ನಿಂದು ಕೊನೇ ಮನೆ ಮುಟ್ಟಿ ಮಂತ್ರಿ ಆಗ್ಬಿಟ್ಟಿರುತ್ತೆ. ಒಂದೇ ಹೆಜ್ಜೆ ಮುಂದೆ, ಆದ್ರೆ ಮುಂದೆ!"

"ಸರಿಯಾಗಿ ಎಣಿಸಿದೀವಿ ಕಣೋ, ಮೂರು ಸಲ," ಎಂದರು ಅಪ್ಪ.

ಅಣ್ಣ ಕಣ್ಣುಜ್ಜಿಕೊಂಡು ನೋಡಿದ, ಹೂಂ ಹೂಂ ಅಂದ, ಶರ್ಟು ಹಾಕಿಕೊಂಡ. ಅಪ್ಪ ತಪ್ಪಾಗಿ ಎಣಿಸುವವರಲ್ಲ ಎಂದು ಅವನಿಗೆ ಗೊತ್ತಿತ್ತು.

ಅಣ್ಣ ಆಡುವಾಗ ಅಪ್ಪ ಹಾಲಿನೊಳಗೆ ಬರುತ್ತಿರಲಿಲ್ಲ. ಎದುರಿನ ಟೀ ಅಂಗಡಿಯಲ್ಲಿ ನಿಲ್ಲುತ್ತಿದ್ದರು. ಚಾಚಾ ಅಂಗಡಿಗೆ ವಾಪಸು ಹೋಗಿದ್ದರು. ಬೆಂಚಿನ ಮೇಲೆ ನಾನೊಬ್ಬಳೇ. ಜನರಿಗೆ ಕಾಣಲೆಂದು ಗೋಡೆಗೆ ತೂಗುಹಾಕಿದ್ದ ದೊಡ್ಡ ಹಲಗೆಯಲ್ಲಿ ಅಂಚಿನ ಪಾನ್ ಮೂರನೇ ಸಾಲಿನಲ್ಲಿತ್ತು. ನಾನು ಎರಡು ಸಲ ಎಣಿಸಿದೆ. ಲಕೋಟೆ ಒಡೆದರು. ಗಡಿಯಾರದಲ್ಲಿ ಅಣ್ಣನಿಗೆ ಉಳಿದಿದ್ದದ್ದು ಏಳೇ ನಿಮಿಷ, ಸರಸರ ಆಡಿದ. ಹಾಲಿನಲ್ಲಿ ಮಾತಾಡಿದರೆ ಹೊರಗೆ ಹಾಕುತ್ತಾರೆ, ಆಡುವವನನ್ನೂ ಸೋಲಿಸಿಬಿಡುತ್ತಾರೆ ಎಂದು ಹೇಳಿಕೊಟ್ಟಿದ್ದರು. ಫ್ರಾಕಿನ ಅಂಚನ್ನು ಹಲ್ಲಲ್ಲಿ ಕಚ್ಚಿಕೊಂಡು ಕೂತಿದ್ದೆ. ಅಣ್ಣ ಆನೆ ಕೊಟ್ಟ. ಪಾನನ್ನು ಒಂದು ಮನೆ ತಳ್ಳಿದ, ಇನ್ನೊಂದು ಮನೆ ತಳ್ಳಿದ. ಮೂರನೆಯದಕ್ಕೆ ಎತ್ತಿದ ಕೈ ಗಾಳಿಯಲ್ಲೇ ನಿಂತಿತು. ಅವನ ಕಿವಿ ಕೆಂಪಾಗುವುದು ನನಗೆ ಬೆಂಚಿನಿಂದಲೇ ಕಂಡಿತು. ಆಮೇಲೆ ಅವನು ತಲೆಯೆತ್ತಿ, ಹಲಗೆಯನ್ನಲ್ಲ, ನನ್ನನ್ನು ನೋಡಿದ. ಒಂದೇ ಗಳಿಗೆ. ಸೋಲೊಪ್ಪಿಕೊಂಡು ಎದುರಾಳಿಯ ಕೈ ಕುಲುಕಿ ಎದ್ದುಬಂದ.

ಟೀ ಅಂಗಡಿಯ ಮುಂದೆ ಅಪ್ಪ ಏನೂ ಕೇಳುವ ಮೊದಲೇ ಅವನು ಹೇಳಿದ: "ನಾನೇ ಪಾನ್ ಒಂದು ಮನೆ ಮುಂದಿಟ್ಬಿಟ್ಟಿದ್ದೆ ಅಪ್ಪ. ನಿದ್ದೆಗಣ್ಣಲ್ಲಿ."

ಅಪ್ಪ ಬಯ್ಯಲಿಲ್ಲ. "ಸೋತಿದ್ದಕ್ಕಲ್ಲ ಕಣೋ," ಎಂದರು, "ಜೋಡಿಸಕ್ಕೆ ಬರ್ಲಿಲ್ವಲ್ಲ ನಿಂಗೆ." ನಾನು ಅಪ್ಪನ ಬೆರಳು ಹಿಡಿದುಕೊಂಡು ಪಕ್ಕದಲ್ಲೇ ನಿಂತಿದ್ದೆ.

ಅಣ್ಣ ಆಮೇಲೂ ಕೆಲವು ಸಣ್ಣ ಟೂರ್ನಮೆಂಟು ಗೆದ್ದ, ಆದರೆ ರಾಜ್ಯದ ಪಟ್ಟಕ್ಕೆ ಅಷ್ಟು ಹತ್ತಿರ ಮತ್ತೆಂದೂ ಹೋಗಲಿಲ್ಲ. ಗರುಡಾಚಾರ್‌ಪಾಳ್ಯದ ಒಂದು ಕಾರ್ಖಾನೆಯಲ್ಲಿ ಸ್ಟೋರ್ ಕೀಪರ್ ಆದ. ಭಾನುವಾರ ಇಂದಿರಾನಗರದ ಮನೆಗಳಿಗೆ ಹೋಗಿ ಮಕ್ಕಳಿಗೆ ಆಟ ಹೇಳಿಕೊಡುತ್ತಿದ್ದ. ಅವನು ಹಲಗೆಯ ಮುಂದೆ ಕೂತರೆ ಅಪ್ಪ ಎದ್ದು ಬೀದಿಗೆ ಹೋಗುತ್ತಿದ್ದರು. ಅಪ್ಪ ತೀರಿಹೋಗುವ ತನಕ ಇಪ್ಪತ್ತೆರಡು ವರ್ಷ ನನಗೆ ಸಮಯವಿತ್ತು. ನಾಳೆ ಹೇಳೋಣ, ಹಬ್ಬ ಮುಗಿಯಲಿ, ಮದುವೆ ಮುಗಿಯಲಿ ಎನ್ನುತ್ತ ಕಳೆದೆ.

ಹೋದ ವರ್ಷ ಅಣ್ಣನಿಗೆ ಡಯಾಲಿಸಿಸ್ ನಡೆಯುತ್ತಿದ್ದಾಗ ಕೆ.ಆರ್. ಪುರದ ಅವನ ಮನೆಗೆ ದಿನಾ ಗಂಜಿ ಒಯ್ಯುತ್ತಿದ್ದೆ. ಒಂದು ಸಂಜೆ ಬಾಯಿಗೆ ಬಂದೇಬಿಟ್ಟಿತು.

"ಅಣ್ಣ, ಅವತ್ತು ಆ ಪಾನ್..."

"ಗೊತ್ತು ಕಣೇ ಪುಟ್ಟಿ. ಫ್ರಾಕ್ ಕಚ್ಕೊಂಡು ಕೂತಿದ್ದೆಯಲ್ಲ, ಆಗ್ಲೇ ಗೊತ್ತಾಯ್ತು."

"ಯಾಕೆ ಹೇಳ್ಲಿಲ್ಲ ಮತ್ತೆ?"

"ಹತ್ತು ವರ್ಷದವಳು ನೀನು. ಅಪ್ಪನ ಆ ಮಾತನ್ನ ನೀನೆಲ್ಲಿ ಹೊರ್ತಿದ್ದೆ?" ನಕ್ಕ. ಗಂಜಿಯನ್ನು ಎರಡು ಚಮಚ ಕುಡಿದು ಲೋಟ ಕೆಳಗಿಟ್ಟ. ಗೋಡೆಯ ಕಡೆ ತಿರುಗಿ, "ದೊಡ್ಡವಳಾದ ಮೇಲೆ ಅಪ್ಪಂಗೆ ಹೇಳ್ತೀಯೇನೋ ಅಂದ್ಕೊಂಡಿದ್ದೆ," ಎಂದ.

ಆ ತಿಂಗಳೇ ಅವನು ಹೋದ.

ಆಟ ಸೋತ ದಿನದ ರಾತ್ರಿಯದನ್ನು ನಾನು ಅವನಿಗೂ ಹೇಳಲಿಲ್ಲ, ಯಾರಿಗೂ ಹೇಳಿಲ್ಲ. ಗೆದ್ದುಬರುತ್ತಾನೆಂದು ಅಮ್ಮ ಸಂಜೆಯೇ ಶಾವಿಗೆ ಪಾಯಸ ಮಾಡಿಟ್ಟಿದ್ದರು. ಅಪ್ಪ ಮುಟ್ಟಲಿಲ್ಲ, ಅಣ್ಣ ಮುಟ್ಟಲಿಲ್ಲ, ಅಮ್ಮ ಸೆರಗಿನಿಂದ ಕಣ್ಣೊರೆಸಿಕೊಂಡು ಪಾತ್ರೆ ಮುಚ್ಚಿಡಲು ಹೋದರು. ನಾನು ಕೇಳಿ ಹಾಕಿಸಿಕೊಂಡೆ. ಎರಡು ಲೋಟ ಕುಡಿದೆ, ದ್ರಾಕ್ಷಿಯನ್ನು ಆರಿಸಿ ತಿಂದೆ. ದೀಪ ಆರಿಸಿದ ಮೇಲೆ ಮೂವರೂ ಕತ್ತಲಲ್ಲಿ ಮಗ್ಗುಲು ಬದಲಿಸುತ್ತಿದ್ದದ್ದು ಸ್ವಲ್ಪ ಹೊತ್ತು ಕೇಳಿಸಿತು. ಎಲ್ಲರಿಗಿಂತ ಮೊದಲು ನಿದ್ದೆ ಹೋದವಳು ನಾನು.